ಚಿಚೆನ್ ಇಟ್ಜಾ, ಕೊಬಾ ನೋಡಲು ದೊಡ್ಡ ಬಸ್ಸೋ, ಸಣ್ಣ ವ್ಯಾನೋ, ಗೇಟಿನ ಗೈಡೋ?

ಊರಿಂದ ಯಾರಾದರೂ ಡಲ್ಲಾಸ್‌ಗೆ ಬಂದರೆ ಮೊದಲು ನಯಾಗರಾ, ಆಮೇಲೆ ಮೆಕ್ಸಿಕೊದ ಕಡಲೂರು ಕ್ಯಾನ್‌ಕೂನ್ ಅನ್ನೋದು ನಮ್ಮ ಮನೆಯಲ್ಲಿ ಕಾಯಂ ಆಗಿಬಿಟ್ಟಿದೆ. ವಿಮಾನದಲ್ಲಿ ಮೂರು ಗಂಟೆಯೂ ಹಿಡಿಯುವುದಿಲ್ಲ. ಅಮೆರಿಕದ ವೀಸಾ ಚಾಲ್ತಿಯಲ್ಲಿದ್ದರೆ ನಮ್ಮ ಪಾಸ್‌ಪೋರ್ಟಿಗೆ ಮೆಕ್ಸಿಕೊದವರು ಬೇರೆ ವೀಸಾ ಕೇಳುವುದಿಲ್ಲ. ಅಲ್ಲಿಗೆ ಹೋದವರೆಲ್ಲ ಒಂದು ದಿನ ಸಮುದ್ರ ಬಿಟ್ಟು ಚಿಚೆನ್ ಇಟ್ಜಾದಂಥ, ಅಲ್ಲಿನ ಮೂಲನಿವಾಸಿಗಳಾದ ಮಾಯಾ ಜನರ ಹಳೇ ಪಟ್ಟಣ ನೋಡಲು ಹೊರಡುತ್ತಾರೆ. ನಾವೂ ಹೊರಟೆವು. ಮೂರು ಸಲ, ಮೂರು ಥರ. "ಯಾವುದು ಒಳ್ಳೇದು ಹೇಳ್ರೀ" ಅಂತ ಕೇಳಿದವರಿಗೆಲ್ಲ ಫೋನಿನಲ್ಲಿ ತುಂಡು ತುಂಡಾಗಿ ಹೇಳಿ ಸಾಕಾಗಿದೆ, ಅದಕ್ಕೇ ಇಲ್ಲಿ ಪೂರ್ತಿ ಬರೆಯುತ್ತಿದ್ದೇನೆ.

ಮೊದಲನೆಯದು 2019ರ ಡಿಸೆಂಬರ್. ದಾವಣಗೆರೆಯಿಂದ ಅತ್ತೆ ಬಂದಿದ್ದರು. ಅವರಿಗೆ ಮಂಡಿನೋವು, ನಮಗೆ ಸ್ಪ್ಯಾನಿಷ್ ಬಾರದು. ಹೋಟೆಲಿನ ಬಾಗಿಲಿಂದ ಹತ್ತಿಸಿಕೊಂಡು ಬಾಗಿಲಿಗೇ ತಂದು ಬಿಡುವ ದೊಡ್ಡ ಬಸ್ ಟೂರ್ ಬುಕ್ ಮಾಡಿದೆವು. ಊಟ, ಗೈಡು, ಈಜು, ಎಲ್ಲ ಸೇರಿ ಒಂದೇ ದುಡ್ಡು ಅಂದರು. ಬೆಳಿಗ್ಗೆ ಏಳಕ್ಕೆ ಬಸ್ ಹತ್ತಿದೆವು. ಎಂಟೂವರೆಯಾದರೂ ಬಸ್ಸು ಕ್ಯಾನ್‌ಕೂನ್ ಬಿಟ್ಟಿರಲಿಲ್ಲ, ಒಂದೊಂದು ಹೋಟೆಲಿನ ಮುಂದೆಯೂ ನಿಂತು ಜನ ತುಂಬಿಸಿಕೊಳ್ಳುತ್ತಿತ್ತು. ಅಲ್ಲಿಂದ ಚಿಚೆನ್ ಇಟ್ಜಾಕ್ಕೆ ಸುಮಾರು 200 ಕಿಲೋಮೀಟರ್. ಹೆದ್ದಾರಿ ಹತ್ತಿದ ಮೇಲೆ ಗೈಡ್ ಮೈಕು ಹಿಡಿದು, ಪ್ರವೇಶ ಶುಲ್ಕ ಈ ದುಡ್ಡಿನಲ್ಲಿ ಸೇರಿಲ್ಲ, ನಗದು ಕೊಡಿ ಎಂದ. ನಮ್ಮವರ ಮುಖ ನೋಡಬೇಕಿತ್ತು.

ಮೊದಲು ನಿಲ್ಲಿಸಿದ್ದು ಹಳೇ ಪಟ್ಟಣದ ಮುಂದೆ ಅಲ್ಲ, ಒಂದು ಅಂಗಡಿಯ ಮುಂದೆ. ಕಲ್ಲಿನ ಮುಖವಾಡ, ಬೆಳ್ಳಿ ಸರ, ಟೆಕೀಲಾ. ನಿಮ್ಮ ಹೆಸರನ್ನು ಮಾಯಾ ಲಿಪಿಯಲ್ಲಿ ಬರೆದುಕೊಡುತ್ತೇವೆ ಅಂತ ಒಬ್ಬ ಹಿಂದೆ ಬಿದ್ದ. ಆಮೇಲೆ ಊಟ. ಆಮೇಲೆ ಸೆನೊಟೆ ಅನ್ನುವ ಬಾವಿಯಲ್ಲಿ ಈಜು. ಎಲ್ಲ ಮುಗಿಸಿ ಪಿರಮಿಡ್ಡಿನ ಮುಂದೆ ನಿಂತಾಗ ಮಧ್ಯಾಹ್ನದ ಬಿಸಿಲು ನೆತ್ತಿ ಸುಡುತ್ತಿತ್ತು, ಮೈದಾನದಲ್ಲಿ ನಮ್ಮೂರ ದುಗ್ಗಮ್ಮನ ಜಾತ್ರೆಯಷ್ಟು ಜನ. ಗೈಡ್ ಮುಕ್ಕಾಲು ಗಂಟೆ ಮಾತಾಡಿದ. ನಲವತ್ತೈದು ಜನರ ಹಿಂದೆ ನಿಂತಿದ್ದ ನಮಗೆ ಕೇಳಿಸಿದ್ದು ಅರ್ಧ. ಉಳಿದ ಒಂದು ಗಂಟೆ "ಫ್ರೀ ಟೈಮ್", ಅಂದರೆ ನೆರಳು ಹುಡುಕುವ ಟೈಮು.

ಇದರಲ್ಲಿ ಗಡಿಯಾರದ ಕಥೆ ಬೇರೆ. ಕ್ಯಾನ್‌ಕೂನ್ ಇರುವುದು ಕಿಂತಾನಾ ರೂ ರಾಜ್ಯದಲ್ಲಿ, ಚಿಚೆನ್ ಇಟ್ಜಾ ಯುಕಾತಾನ್ ರಾಜ್ಯದಲ್ಲಿ. 2015ರಿಂದ ಕಿಂತಾನಾ ರೂ ತನ್ನ ಗಡಿಯಾರವನ್ನು ಮುಂದೆ ಇಟ್ಟುಕೊಂಡಿದೆ. ಹೋಗುವಾಗ ಒಂದು ಗಂಟೆ ಪುಕ್ಕಟೆ ಸಿಗುತ್ತದೆ, ಬರುವಾಗ ಕಳೆಯುತ್ತದೆ. ಸಿಕ್ಕ ಗಂಟೆಯನ್ನು ಬಸ್ಸಿನವರು ಅಂಗಡಿಗೆ ಕೊಟ್ಟರು. ಕಳೆದ ಗಂಟೆ ನಮ್ಮ ತಲೆ ಮೇಲೆ ಬಿತ್ತು. ಹೋಟೆಲ್ ಮುಟ್ಟಿದಾಗ ರಾತ್ರಿ ಒಂಬತ್ತು.

ಆದರೂ ಒಂದು ಮಾತು ಹೇಳಬೇಕು. ಅತ್ತೆಗೆ ಆ ದಿನ ತುಂಬಾ ಇಷ್ಟವಾಯಿತು. ಬಸ್ಸಿನಲ್ಲಿ ಎಸಿ, ಒಳಗೇ ಶೌಚಾಲಯ, ಕೂತ ಕಡೆ ನೀರಿನ ಬಾಟಲಿ. ಸೆನೊಟೆ ಎಂದರೆ ಸುಣ್ಣಕಲ್ಲಿನ ಛಾವಣಿ ಕುಸಿದು ತೆರೆದುಕೊಂಡ ನೆಲದಡಿಯ ಬಾವಿ. ನಮ್ಮನ್ನು ಕರೆದೊಯ್ದ ಇಕ್ ಕಿಲ್‌ನಲ್ಲಿ ನೀರು ನೆಲಮಟ್ಟದಿಂದ 26 ಮೀಟರ್ ಕೆಳಗಿದೆ, ಅಂಚಿನಿಂದ ಬೇರುಗಳು ಜಡೆಯ ಹಾಗೆ ನೀರಿನತನಕ ಇಳಿದಿವೆ. ಅತ್ತೆ ಇಳಿಯಲಿಲ್ಲ. ಮೇಲಿನ ಕಟ್ಟೆಗೆ ಒರಗಿ ಬಗ್ಗಿ ನೋಡುತ್ತಾ, "ಏನೇ ಇದು, ದೇವರೇ ತೋಡಿದ ಪುಷ್ಕರಣಿ ಇದ್ದಂಗೈತಲ್ಲೇ" ಅಂದರು. ಯುಕಾತಾನಿನ ಉತ್ತರ ಭಾಗದಲ್ಲಿ ನೆಲದ ಮೇಲೆ ಹರಿಯುವ ನದಿಯೇ ಇಲ್ಲ, ಮಳೆನೀರೆಲ್ಲ ಸುಣ್ಣಕಲ್ಲಿನೊಳಗೆ ಇಳಿದುಹೋಗುತ್ತದೆ. ಈ ಬಾವಿಗಳೇ ಅಲ್ಲಿನವರ ಜೀವ. ಊರಿನ ಹೆಸರೂ ಅದೇ: ಚಿ ಎಂದರೆ ಬಾಯಿ, ಚೆನ್ ಎಂದರೆ ಬಾವಿ. ಇಟ್ಜಾ ಜನರ ಬಾವಿಯ ಬಾಯಿ.

ಎರಡನೆಯದು 2022, ಸಣ್ಣ ವ್ಯಾನು. ತುಲುಮ್‌ನಲ್ಲಿ ಉಳಿದಿದ್ದೆವು. ಸಮುದ್ರದಂಚಿನ ತುಲುಮ್ ಕೋಟೆಯನ್ನು ಅರ್ಧ ದಿನದಲ್ಲಿ ನೋಡಿದೆವು. ಫೋಟೊಗೆ ಅದರಷ್ಟು ಚೆಂದ ಯಾವುದೂ ಇಲ್ಲ, ನೋಡಲು ಹೆಚ್ಚೇನೂ ಇಲ್ಲ. ಮಾರನೇ ದಿನ ಎಂಟೇ ಜನರ ವ್ಯಾನಿನಲ್ಲಿ ಕೊಬಾಕ್ಕೆ ಹೋದೆವು. ತಲೆಗೆ ಲೆಕ್ಕ ಹಾಕಿದರೆ ಬಸ್ ಟೂರಿನ ಒಂದೂವರೆ ಪಟ್ಟು ದುಡ್ಡು. ಕೊಬಾ ಕಾಡಿನೊಳಗೆ ಹರಡಿಕೊಂಡಿರುವ ಹಳೇ ಮಾಯಾ ಪಟ್ಟಣ, ಅಂಗಡಿಗಳ ಗಲಾಟೆ ಗೇಟಿನ ಹೊರಗೇ ನಿಲ್ಲುತ್ತದೆ. ಒಳಗೆ ಸೈಕಲ್ ಬಾಡಿಗೆಗೆ ಸಿಗುತ್ತದೆ. ತುಳಿಯಲಾರದವರಿಗೆ ಸೈಕಲ್ ರಿಕ್ಷಾ ಉಂಟು, ಆದರೆ ಸವಾರಿ ಕೂರುವುದು ಮುಂದೆ, ತುಳಿಯುವವನು ಹಿಂದೆ. ಅತ್ತೆ ಬಂದಿದ್ದರೆ ಮಹಾರಾಣಿಯ ಹಾಗೆ ಹೋಗುತ್ತಿದ್ದರು ಅಂತ ನಮ್ಮವರು ಆ ದಿನ ನಾಲ್ಕು ಸಲ ಹೇಳಿದರು.

ನಮ್ಮ ಗೈಡ್ ಹತ್ತಿರದ ಹಳ್ಳಿಯವನು, ಮನೆಮಾತು ಮಾಯಾ. ಇದೊಂದೇ ಸಾಕಿತ್ತು. ಬಸ್ಸಿನ ಗೈಡ್ ಮಾಯಾ ಜನ "ಇದ್ದರು", "ಕಟ್ಟಿದರು", "ಕಾಣೆಯಾದರು" ಅನ್ನುತ್ತಿದ್ದ. ಇವನು "ನಮ್ಮಜ್ಜಿ" ಅನ್ನುತ್ತಿದ್ದ. ಯುಕಾತಾನ್ ಕಡೆಯ ಮಾಯಾ ಭಾಷೆಯನ್ನು ಇವತ್ತಿಗೂ ಏಳೂವರೆ ಲಕ್ಷಕ್ಕೂ ಹೆಚ್ಚು ಜನ ಆಡುತ್ತಾರೆ. ಕಾಡಿನ ನಡುವೆ ನೇರವಾಗಿ ಹೋಗುವ ಎತ್ತರಿಸಿದ ದಾರಿಯ ಮೇಲೆ ಸೈಕಲ್ ನಿಲ್ಲಿಸಿ, ಇದು ಸಕ್‌ಬೆ ಎಂದ. ಸಕ್ ಎಂದರೆ ಬಿಳಿ, ಬೆ ಎಂದರೆ ದಾರಿ. ಕಲ್ಲು ತುಂಬಿಸಿ ಮೇಲೆ ಸುಣ್ಣದ ಗಾರೆ ಬಳಿದು ಮಾಡಿದ್ದು. ಇಂಥದ್ದೊಂದು ದಾರಿ ಇಲ್ಲಿಂದ ಯಶುನಾ ಅನ್ನುವ ಊರಿನವರೆಗೆ ಸುಮಾರು 100 ಕಿಲೋಮೀಟರ್ ಹೋಗುತ್ತದಂತೆ. ಎತ್ತಿಲ್ಲ, ಕುದುರೆ ಇಲ್ಲ, ಗಾಡಿ ಇಲ್ಲ, ಅಷ್ಟುದ್ದ ರಸ್ತೆ ಯಾರಿಗೆ ಅಂತ ಕೇಳಿದೆ. "ಕಾಲಿಗೆ" ಅಂದ. ಆಮೇಲೆ "ಬಿಷ್ ಅ ಬೇಲ್" ಅಂತ ಹೇಳಿಕೊಟ್ಟ. ನಾವು ಚೆನ್ನಾಗಿದೀರಾ ಅನ್ನುವ ಕಡೆ ಅವರು ಕೇಳುವುದು ಇದನ್ನು: ನಿನ್ನ ದಾರಿ ಹೇಗಿದೆ?

ಕೊಬಾದ ದೊಡ್ಡ ಪಿರಮಿಡ್ ನೊಹೊಚ್ ಮುಲ್, 42 ಮೀಟರ್. ಚಿಚೆನ್ ಇಟ್ಜಾದ್ದಕ್ಕಿಂತ ಎತ್ತರ. ಹಿಂದೆ ಹಗ್ಗ ಹಿಡಿದು ಹತ್ತಬಹುದಿತ್ತು. ನಾವು ಹೋದಾಗ ಬುಡದಲ್ಲೇ ಅಡ್ಡಗಟ್ಟಿದ್ದರು. ಟೂರಿನವರ ಜಾಹೀರಾತಿನಲ್ಲಿ ಮಾತ್ರ ಮೇಲೆ ಹತ್ತಿ ಕೈ ಎತ್ತಿದ ಹುಡುಗಿಯ ಫೋಟೊ ಹಾಗೇ ಇತ್ತು. ಹತ್ತುವ ಆಸೆಯಿಂದಲೇ ಹೋಗುವವರು ದುಡ್ಡು ಕಟ್ಟುವ ಮೊದಲು ಕೇಳಿಕೊಳ್ಳಿ.

ವ್ಯಾನಿನ ಕೊರತೆ ಇಷ್ಟೇ: ಕೊಬಾದಲ್ಲಿ ಕೆತ್ತನೆಗಳು ಮಳೆಗೆ ಸವೆದಿವೆ. ತಾಳೆಗರಿಯ ಸೂರಿನ ಕೆಳಗೆ ನಿಲ್ಲಿಸಿರುವ ಶಾಸನದ ಕಲ್ಲುಗಳಲ್ಲಿ ಗೈಡ್ ಬೆರಳು ತೋರಿಸಿದ ಮೇಲೂ ನನಗೆ ಕಂಡಿದ್ದು ಬರೀ ಉಬ್ಬುತಗ್ಗು. ಬೇಲೂರು, ಹಳೇಬೀಡು ನೋಡಿ ಬೆಳೆದ ಕಣ್ಣು ಕೆತ್ತನೆಗೆ ಹಸಿಯುತ್ತದೆ. ಅದಕ್ಕೆ ಚಿಚೆನ್ ಇಟ್ಜಾವೇ ಆಗಬೇಕು.

ಹಾಗಾಗಿ ಮೂರನೇ ಸಲ, 2024ರ ಜನವರಿಯಲ್ಲಿ, ಮತ್ತೆ ಅಲ್ಲಿಗೇ. ಈ ಸಲ ಟೂರ್ ಇಲ್ಲ. ಕ್ಯಾನ್‌ಕೂನ್‌ನಿಂದ ಲೈನ್ ಬಸ್ಸಿನಲ್ಲಿ ವಯ್ಯದೊಲಿದ್‌ಗೆ ಹೋಗಿ ಎರಡು ರಾತ್ರಿ ಉಳಿದೆವು. ಸ್ಪೇನಿನವರು 1543ರಲ್ಲಿ ನೆಲೆ ಹಾಕಿದ ಊರು, ಬಣ್ಣ ಬಣ್ಣದ ಗೋಡೆ, ಊರ ನಡುವೆಯೇ ಒಂದು ಸೆನೊಟೆ. ಚಿಚೆನ್ ಇಟ್ಜಾ ಅಲ್ಲಿಂದ ಸುಮಾರು 45 ಕಿಲೋಮೀಟರ್. ಕೊಲೆಕ್ಟಿವೊ ಅಂತ ಕರೆಯುವ ಶೇರ್ ವ್ಯಾನುಗಳಿವೆ, ನಮ್ಮ ಕಡೆಯ ಟೆಂಪೊ ಹಾಗೆ ಸೀಟು ತುಂಬಿದ ಮೇಲೆ ಹೊರಡುತ್ತವೆ. ಬೆಳಗ್ಗೆ ತುಂಬುವುದು ತಡ ಆದೀತು ಅಂತ ನಾವು ಟ್ಯಾಕ್ಸಿ ಹಿಡಿದೆವು. ಟ್ರೆನ್ ಮಾಯಾ ರೈಲು ಆಗಷ್ಟೇ ಶುರುವಾಗಿತ್ತು. ಹತ್ತಲಿಲ್ಲ, ಅದಕ್ಕೇ ಹೋಲಿಕೆಗೆ ತರುವುದಿಲ್ಲ.

ಎಂಟಕ್ಕೆ ಗೇಟು ತೆರೆಯಿತು. ಟಿಕೆಟ್ ಎರಡು, ಕೌಂಟರೂ ಎರಡು, ಒಂದು ಕೇಂದ್ರದ್ದು, ಇನ್ನೊಂದು ರಾಜ್ಯದ್ದು. ಎರಡೂ ಸೇರಿ ವಿದೇಶಿಯರಿಗೆ ಆರು ನೂರು ಪೆಸೊ ದಾಟಿತ್ತು. ಗೇಟಿನ ಹತ್ತಿರ ಕೊರಳಿಗೆ ಗುರುತಿನ ಚೀಟಿ ಹಾಕಿಕೊಂಡ ಗೈಡ್‌ಗಳು ನಿಂತಿರುತ್ತಾರೆ. ಅರವತ್ತರ ಆಸುಪಾಸಿನ ಒಬ್ಬರನ್ನು ಸಾವಿರ ಪೆಸೊ ಚಿಲ್ಲರೆಗೆ ಒಪ್ಪಿಸಿದೆವು, ತಲೆಗಿಷ್ಟು ಅಂತ ಅಲ್ಲ, ಇಡೀ ಮನೆಗೆ. ಮೈದಾನಕ್ಕೆ ಕಾಲಿಟ್ಟರೆ ಖಾಲಿ. ವ್ಯಾಪಾರದವರು ಇನ್ನೂ ಕೈಗಾಡಿಯಿಂದ ಮುಖವಾಡ ಇಳಿಸುತ್ತಿದ್ದರು. 2019ರಲ್ಲಿ ತಲೆಗಳ ಮೇಲಿಂದ ಕಂಡಿದ್ದ ಕುಕುಲ್ಕಾನ್ ಪಿರಮಿಡ್ ಬುಡದಿಂದ ತುದಿಯವರೆಗೆ ಒಂದೇ ಸಲಕ್ಕೆ ಕಂಡಿತು. ನಾಲ್ಕು ಕಡೆ ತಲಾ 91 ಮೆಟ್ಟಿಲು, ಮೇಲಿನದೊಂದು ಸೇರಿ 365. ಇದನ್ನು ಬಸ್ಸಿನ ಗೈಡೂ ಹೇಳಿದ್ದ. ಇದರೊಳಗೆ ಇನ್ನೊಂದು ಹಳೇ ಪಿರಮಿಡ್ ಇದೆ, ಅದರೊಳಗೆ ಹಸಿರುಕಲ್ಲಿನ ಚುಕ್ಕೆ ಕೂರಿಸಿದ ಕೆಂಪು ಜಾಗ್ವಾರ್ ಪೀಠ ಇದೆ ಅಂತ ಈ ಹಿರಿಯರು ಫೋಟೊ ತೆಗೆದು ತೋರಿಸಿದರು.

ಆಮೇಲೆ ಮೆಟ್ಟಿಲಿನ ಎದುರಿಗೆ ನಮ್ಮನ್ನು ನಿಲ್ಲಿಸಿ ಚಪ್ಪಾಳೆ ತಟ್ಟಿ ಎಂದರು. ಬಸ್ಸಿನ ದಿನವೂ ತಟ್ಟಿದ್ದೆವು, ನಮ್ಮ ಜೊತೆ ಇನ್ನೂ ಇನ್ನೂರು ಜನ ತಟ್ಟುತ್ತಿದ್ದರು. ಈ ಸಲ ಮಗ ಒಬ್ಬನೇ ತಟ್ಟಿದ. ಚಪ್ಪಾಳೆಯಾಗಿ ಹೋದದ್ದು "ಚ್ಯೂಂ" ಅಂತ ಹಕ್ಕಿಯ ಕೂಗಾಗಿ ವಾಪಸ್ಸು ಬಂತು. ಕೆಳಗಿನ ಮೆಟ್ಟಿಲುಗಳಿಂದ ಬರುವ ಪ್ರತಿಧ್ವನಿಗಳ ನಡುವೆ ಅಂತರ ಕಡಿಮೆ, ಮೇಲಿನವುಗಳ ನಡುವೆ ಹೆಚ್ಚು, ಅದಕ್ಕೇ ದನಿ ಏರಿನಿಂದ ಇಳಿಯುತ್ತಾ ಬರುತ್ತದೆ. ಕೆತ್ಸಾಲ್ ಹಕ್ಕಿ ಹೀಗೇ ಕೂಗುವುದು ಅಂತ ಗೈಡ್ ಫೋನಿನಲ್ಲಿ ಅದರ ದನಿ ಹಾಕಿ ಪಕ್ಕಪಕ್ಕ ಕೇಳಿಸಿದರು. ಗೋಲಗುಂಬಜದಲ್ಲಿ ಕೂಗಿದ್ದೇ ಮತ್ತೆ ಮತ್ತೆ ಬರುತ್ತದೆ, ಇಲ್ಲಿ ಕೊಟ್ಟದ್ದೊಂದು, ಬಂದದ್ದೊಂದು. ಮಗ ಅಲ್ಲಿಂದ ಕದಲಲಿಲ್ಲ. ಗೈಡ್ ಕಾದರು. ಕಾಯುವ ಗೈಡನ್ನು ನಾನು ನೋಡಿದ್ದೇ ಅವತ್ತು.

ಚೆಂಡಾಟದ ಅಂಗಳದಲ್ಲಿ ಇನ್ನೂ ಹೊತ್ತು ಕಳೆದೆವು. 168 ಮೀಟರ್ ಉದ್ದ, ಎರಡೂ ಗೋಡೆಯಲ್ಲಿ ಸುಮಾರು 6 ಮೀಟರ್ ಎತ್ತರಕ್ಕೆ ಕಲ್ಲಿನ ಬಳೆ, ರಬ್ಬರ್ ಚೆಂಡನ್ನು ಸೊಂಟದಿಂದ ಹೊಡೆಯುವ ಆಟ. ಗೋಡೆಯ ಬುಡದಲ್ಲಿ ಆಟಗಾರರ ಎರಡು ಸಾಲು ಕೆತ್ತಿದ್ದಾರೆ. ಮೊದಲ ಸಲ ಇದರ ಮುಂದೆಯೇ ಹಾದು ಹೋಗಿದ್ದೆ, ಕಂಡಿರಲಿಲ್ಲ. ಗೈಡ್ ಕೈಯಲ್ಲಿದ್ದ ಕಡ್ಡಿಯಿಂದ ಗಾಳಿಯಲ್ಲೇ ಗೆರೆ ಎಳೆಯುತ್ತಾ ಹೋದರು: ಇದು ಮೊಣಕಾಲು, ಇದು ಸೊಂಟದ ಪಟ್ಟಿ, ಇವನ ಕೈಯಲ್ಲಿ ಕತ್ತಿ, ಇನ್ನೊಂದು ಕೈಯಲ್ಲಿ ತಲೆ. ಎದುರಿಗೆ ಮಂಡಿಯೂರಿದವನಿಗೆ ತಲೆಯೇ ಇಲ್ಲ. ಕುತ್ತಿಗೆಯಿಂದ ಚಿಮ್ಮಿದ ರಕ್ತ ಹಾವುಗಳಾಗಿದೆ, ನಡುವೆ ಒಂದು ಎಳೆ ಹೂಬಿಟ್ಟ ಬಳ್ಳಿಯಾಗಿ ಹಬ್ಬಿದೆ. ಕಣ್ಣು ಒಂದು ಸಲ ಹಿಡಿದ ಮೇಲೆ ಗೋಡೆಯ ತುಂಬ ಅದೇ. ಸತ್ತವನು ಸೋತವನೋ ಗೆದ್ದವನೋ ಅಂತ ಮಗ ಕೇಳಿದ. "ಪಂಡಿತರು ಇನ್ನೂ ಜಗಳ ಆಡುತ್ತಿದ್ದಾರೆ" ಅಂದರು. ಬಸ್ಸಿನ ಗೈಡ್ ಮಾತ್ರ ಗೆದ್ದವನೇ ಅಂತ ಅನುಮಾನವೇ ಇಲ್ಲದೆ ಹೇಳಿಬಿಟ್ಟಿದ್ದ.

ಹನ್ನೊಂದಕ್ಕೆ ನಾವು ಹೊರಬರುವಾಗ ಕ್ಯಾನ್‌ಕೂನ್ ಬಸ್ಸುಗಳು ಸಾಲಾಗಿ ಒಳಗೆ ಬರುತ್ತಿದ್ದವು.

ಊಟದ ವಿಷಯ ಸಸ್ಯಾಹಾರಿಗಳಿಗಾಗಿ. ಬಸ್ ಟೂರಿನ ಬಫೆಯಲ್ಲಿ ಅನ್ನ, ಕಪ್ಪು ಹುರುಳಿಕಾಯಿ ಬೀಜದ ಗೊಜ್ಜಿನಂಥದ್ದು, ಸಲಾಡು. ಆ ಬೀಜವನ್ನು ಹಂದಿ ಕೊಬ್ಬಿನಲ್ಲಿ ಹುರಿಯುವ ವಾಡಿಕೆ ಅಲ್ಲಿದೆ. "ಸಿನ್ ಮಾಂತೇಕಾ", ಅಂದರೆ ಕೊಬ್ಬು ಹಾಕದ್ದು, ಅಂತ ಕೇಳಿ ಖಾತ್ರಿ ಮಾಡಿಕೊಳ್ಳಿ. ಅತ್ತೆ ಅವತ್ತು ಅನ್ನಕ್ಕೆ ಚಟ್ನಿಪುಡಿ ಕಲಸಿಕೊಂಡು ಉಂಡರು. ವಯ್ಯದೊಲಿದ್‌ನಲ್ಲಿ ನಮಗೆ ಸಿಕ್ಕಿದ್ದು ಸಿಕಿಲ್ ಪಾಕ್: ಹುರಿದ ಕುಂಬಳಬೀಜ, ಸುಟ್ಟ ಟೊಮೆಟೊ, ಹಬನೆರೊ ಮೆಣಸಿನಕಾಯಿ. ಬಿಸಿ ತೊರ್ತಿಯಾ ಜೊತೆ ತಿಂದರೆ ರೊಟ್ಟಿ ಚಟ್ನಿಯೇ.

ವಯಸ್ಸಾದವರು ಜೊತೆಗಿದ್ದು, ಒಂದೇ ದಿನ ಕೈಯಲ್ಲಿದ್ದು, ನೋಡಿ ಬಂದೆವು ಅಂತ ಆದರೆ ಸಾಕು ಅನ್ನುವವರು ದೊಡ್ಡ ಬಸ್ಸಿಗೇ ಹೋಗಿ. ಬುಕ್ ಮಾಡುವಾಗ ಪ್ರವೇಶ ಶುಲ್ಕ ಸೇರಿದೆಯೇ, ಮೊದಲು ಪಟ್ಟಣವೋ ಅಂಗಡಿಯೋ, ಈ ಎರಡು ಕೇಳಿ. ಬಿಸಿಲು, ಜನ ಆಗದವರಿಗೆ ಕೊಬಾ. ನನ್ನನ್ನು ಕೇಳಿದರೆ ವಯ್ಯದೊಲಿದ್‌ನಲ್ಲಿ ಉಳಿದು ಎಂಟು ಗಂಟೆಗೆ ಗೇಟಿನ ಗೈಡ್. ಎರಡು ರಾತ್ರಿಯ ರೂಮು, ಟ್ಯಾಕ್ಸಿ ಎಲ್ಲ ಸೇರಿಸಿದರೂ ನಾಲ್ಕು ಜನರ ಬಸ್ ಟೂರಿಗಿಂತ ಹೆಚ್ಚೇನೂ ಆಗಲಿಲ್ಲ. ಗೈಡನ್ನು ಒಪ್ಪಿಸುವ ಮೊದಲು ಐದು ನಿಮಿಷ ಮಾತಾಡಿಸಿ. ಇದನ್ನು ಕಟ್ಟಿದವರು ಯಾರು ಅಂತ ಕೇಳಿ. ಅನ್ಯಗ್ರಹದವರು ಅಂದರೆ, ಇಲ್ಲವೇ ಮಾಯಾ ಪಂಚಾಂಗದ ಹೆಸರಲ್ಲಿ ಹಬ್ಬಿದ್ದ 2012ರ ಪ್ರಳಯದ ಕಥೆ ತೆಗೆದರೆ, ನಕ್ಕು ಮುಂದಿನವರ ಹತ್ತಿರ ಹೋಗಿ.