ಠಾಣೆಯಲ್ಲಿ ಮುಚ್ಚಳಿಕೆಗೆ ಸಹಿ ಹಾಕುವ ಮುನ್ನ ಇದನ್ನು ಓದಿ

ಪಕ್ಕದ ಮನೆಯವರೊಂದಿಗೆ ಜಾಗದ ತಕರಾರಿದ್ದು, ರಕ್ಷಣೆ ಕೇಳಲು ಪೊಲೀಸ್ ಠಾಣೆಗೆ ಹೊರಟಿದ್ದೀರಾ? ಹೋಗಿ. ಆದರೆ ಅಲ್ಲಿ ಮುಂದಿಡುವ ಮುಚ್ಚಳಿಕೆಗೆ, ಅಂದರೆ ಹೀಗೆ ನಡೆದುಕೊಳ್ಳುತ್ತೇನೆ ಎಂದು ಬರೆದುಕೊಡುವ ಹಾಳೆಗೆ, ಸಹಿ ಹಾಕಬೇಡಿ. ವಕೀಲರಿಗೆ ತೋರಿಸದೆ ಹಾಕಲೇಬೇಡಿ. ಅಂಥ ಒಂದು ಹಾಳೆ ನನ್ನ ಮೂರು ಅಡಿ ಓಣಿಯನ್ನು ನುಂಗಿ ಕುಳಿತಿದೆ.

ನಮ್ಮದು ಗ್ರಾಮಠಾಣಾ ಜಾಗ, ಅಂದರೆ ಊರೊಳಗಿನ ವಾಸದ ಜಾಗ. ಪಂಚಾಯಿತಿಯ ಆಸ್ತಿ ದಾಖಲೆಗಳಾದ ನಮೂನೆ 9, ನಮೂನೆ 11 ಎರಡೂ ನನ್ನ ಹೆಸರಿನಲ್ಲಿವೆ. ಕ್ರಯಪತ್ರದ ಅಳತೆಯಲ್ಲಿ ಓಣಿಯೂ ಸೇರಿದೆ. ಬಚ್ಚಲ ನೀರಿಗೆ ಅಲ್ಲಿ ಪೈಪು ಹಾಕಿಸಲು ಹೊರಟಾಗ ಪಕ್ಕದವರು ಮಕ್ಕಳ ಸಮೇತ ಒಳಗೆ ನುಗ್ಗಿ ಕೆಲಸದವರ ಹಾರೆ ಕಿತ್ತುಕೊಂಡರು. ಚಿಕ್ಕಂದಿನಿಂದ ನಾನು ದೊಡ್ಡಪ್ಪ ಎಂದೇ ಕರೆಯುತ್ತಾ ಬಂದ ಮನುಷ್ಯ! ಕೆಲಸ ಮುಗಿಯುವವರೆಗೆ ರಕ್ಷಣೆ ಕೊಡಿ ಎಂದು ಠಾಣೆಗೆ ಅರ್ಜಿ ಕೊಟ್ಟೆ. ಅರ್ಜಿಗೆ ಸ್ವೀಕೃತಿ ಕೇಳಿದರೆ, "ಮೊದಲು ಮಾತುಕತೆ ಆಗಲಿ ಬಿಡಿ" ಎಂದರು.

ಮಾತುಕತೆ ಹೇಗಿರುತ್ತದೆ ಎಂದು ನಿಮಗೆಲ್ಲ ಗೊತ್ತಿದೆ. ಹೊರಗಿನ ಬೆಂಚಿನ ಮೇಲೆ ಮಧ್ಯಾಹ್ನದವರೆಗೆ ಕೂರಿಸುತ್ತಾರೆ. ಆಮೇಲೆ ಒಳಗೆ ಕರೆದು ಇಬ್ಬರನ್ನೂ ಒಂದೇ ದನಿಯಲ್ಲಿ ಗದರಿಸುತ್ತಾರೆ. ನನ್ನ ಬಳಿ ಮಾತ್ರ ದನಿ ಮೆತ್ತಗಾಯಿತು. "ನೀವು ಓದಿದವರು. ಕೋರ್ಟಿನಲ್ಲಿ ತೀರ್ಮಾನವಾಗುವವರೆಗೆ ಇಬ್ಬರೂ ಸುಮ್ಮನಿರುತ್ತೀರಿ ಎಂದು ಬರೆದುಕೊಡಿ. ಆಮೇಲೆ ಅವರು ಒಂದು ಕಲ್ಲು ಇಟ್ಟರೂ ನಮಗೆ ಫೋನ್ ಮಾಡಿ, ನಾವಿದ್ದೇವೆ." ನಾವಿದ್ದೇವೆ! ಠಾಣೆಯ ಬರಹಗಾರ ಮೊದಲೇ ಬರೆದಿಟ್ಟಿದ್ದ ಹಾಳೆಗೆ ಸಹಿ ಹಾಕಿದೆ. ಪಕ್ಕದವರೂ ಬೇರೆ ಹಾಳೆಗೆ ಸಹಿ ಹಾಕಿದರು. ಪ್ರತಿ ಕೇಳಿದೆ. "ನಾಳೆ ಬನ್ನಿ" ಎಂದರು.

ಎರಡನೇ ಶನಿವಾರ, ಭಾನುವಾರ, ಅದಕ್ಕೆ ಅಂಟಿಕೊಂಡು ಹಬ್ಬದ ಸೋಮವಾರ. ಕೋರ್ಟು ಮುಚ್ಚಿದ್ದ ಆ ರಜೆಯಲ್ಲೇ ಓಣಿಯ ಈ ಬದಿಗೆ, ನಮ್ಮ ಬಚ್ಚಲ ಕಿಟಕಿಗೆ ಒತ್ತಿಕೊಂಡು, ಗೋಡೆ ಎದ್ದಿತು. ಠಾಣೆಗೆ ಫೋನ್ ಮಾಡಿದರೆ ಸಾಹೇಬರು ಬಂದೋಬಸ್ತಿಗೆ ಹೋಗಿದ್ದರು. 112ಕ್ಕೆ ಕರೆ ಮಾಡಿದೆ. ಜೀಪು ಬಂದಿತು, ಒಬ್ಬರು ಮೊಬೈಲಿನಲ್ಲಿ ಫೋಟೊ ತೆಗೆದುಕೊಂಡರು, "ಇದು ಸಿವಿಲ್ ವ್ಯಾಜ್ಯ, ನಾವು ಕೈಹಾಕುವಂತಿಲ್ಲ" ಎಂದು ಹೊರಟರು. ಗಾರೆ ಕಲಸುತ್ತಿದ್ದವರು ಕೈ ಕೂಡ ನಿಲ್ಲಿಸಲಿಲ್ಲ. ದೊಡ್ಡಪ್ಪ ಜಗಲಿಯಲ್ಲಿ ಕುಳಿತೇ, "ಸಹಿ ಹಾಕಿ ಬಂದಿದ್ದೀಯಲ್ಲಪ್ಪ, ಇನ್ನೇನು ನಿನ್ನದು?" ಎಂದರು. ಆ ಮಾತು ಆಗ ಅರ್ಥವಾಗಲಿಲ್ಲ.

ದಾವೆ ಹಾಕಿದ ಮೇಲೆ ಅವರ ವಕೀಲರು ಆಕ್ಷೇಪಣೆಯೊಂದಿಗೆ ಎರಡೂ ಮುಚ್ಚಳಿಕೆಗಳನ್ನು ಹಾಜರುಪಡಿಸಿದರು. ಅವರ ಹಾಳೆಯಲ್ಲಿ "ಅರ್ಜಿದಾರರೊಂದಿಗೆ ಜಗಳವಾಡುವುದಿಲ್ಲ" ಎಂದಷ್ಟೇ ಇದೆ. ನನ್ನದರಲ್ಲಿ "ವಿವಾದಿತ ಜಾಗಕ್ಕೆ ಪ್ರವೇಶಿಸುವುದಿಲ್ಲ, ಯಾವುದೇ ತಕರಾರು ಮಾಡುವುದಿಲ್ಲ" ಎಂದಿದೆ. ಕೆಳಗೆ ನನ್ನ ಸಹಿ. ತಡೆಯಾಜ್ಞೆ ಕೇಳುವವನು ಜಾಗ ತನ್ನ ಸ್ವಾಧೀನದಲ್ಲಿದೆ ಎಂದು ಮೇಲ್ನೋಟಕ್ಕಾದರೂ ತೋರಿಸಬೇಕು. ನಾನೇ ಹೋಗುವುದಿಲ್ಲ ಎಂದು ಬರೆದುಕೊಟ್ಟ ಜಾಗ ನನ್ನ ಸ್ವಾಧೀನದಲ್ಲಿದೆ ಎಂದು ಯಾರು ನಂಬುತ್ತಾರೆ? ನ್ಯಾಯಾಲಯ ಯಥಾಸ್ಥಿತಿ ಕಾಪಾಡಲು ಆದೇಶಿಸಿತು. ಈಗಿನ ಯಥಾಸ್ಥಿತಿ ಎಂದರೆ ಆ ಗೋಡೆ! ಅದನ್ನು ಕೆಡವಿಸಲು ವರ್ಷಗಟ್ಟಲೆ ಅಲೆಯಬೇಕು.

ಅವರು ಅಷ್ಟಕ್ಕೂ ನಿಲ್ಲದೆ ಗೋಡೆಯ ಮೇಲೆ ಶೀಟು ಇಳಿಸಲು ಶುರುಮಾಡಿದಾಗ ಆದೇಶದ ಪ್ರತಿ ಹಿಡಿದು ಮತ್ತೆ ಠಾಣೆಗೆ ಹೋದೆ. "ಇದರಲ್ಲಿ ಪೊಲೀಸರಿಗೆ ನಿರ್ದೇಶನ ಎಲ್ಲಿದೆ ತೋರಿಸಿ" ಎಂದರು. ಅಂದು "ನಾವಿದ್ದೇವೆ" ಎಂದವರೇ ಇವರು.

ಆಮೇಲೆ ವಕೀಲರಿಂದ ತಿಳಿದದ್ದು ಇಷ್ಟು. ಜಾಗ ಯಾರದು ಎಂದು ತೀರ್ಮಾನಿಸುವ ಅಧಿಕಾರ ಠಾಣೆಗಿಲ್ಲ. ಶಾಂತಿಭಂಗದ ಭಯವಿದ್ದರೆ ಮುಚ್ಚಳಿಕೆ ಬರೆಸಿಕೊಳ್ಳುವ ಅಧಿಕಾರವೂ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಹಳೆಯ ಸಿಆರ್‌ಪಿಸಿಯ ಬದಲಿಗೆ ಬಂದ ಕಾನೂನು) 126ನೇ ಕಲಮಿನಂತೆ, ಕಾರ್ಯನಿರ್ವಾಹಕ ದಂಡಾಧಿಕಾರಿಯದು, ನಮ್ಮಂಥ ತಾಲ್ಲೂಕುಗಳಲ್ಲಿ ತಹಶೀಲ್ದಾರರದು. ಅತಿಕ್ರಮ ಪ್ರವೇಶ ಸಂಜ್ಞೇಯ ಅಪರಾಧ, ಅಂದರೆ ಕೋರ್ಟಿನ ಅನುಮತಿಗೆ ಕಾಯದೆ ಪೊಲೀಸರೇ ತನಿಖೆ ಮಾಡಬಹುದಾದದ್ದು. ದೂರಿನಲ್ಲಿ ಅಂಥ ಅಪರಾಧ ಕಂಡುಬಂದರೆ ಎಫ್‌ಐಆರ್ ದಾಖಲಿಸಲೇಬೇಕೆಂದು ಸುಪ್ರೀಂ ಕೋರ್ಟ್ 2013ರಲ್ಲೇ ಹೇಳಿದೆ. ಠಾಣೆಯವರು ನಿರಾಕರಿಸಿದರೆ ದೂರನ್ನು ಅಂಚೆಯಲ್ಲಿ ಎಸ್‌ಪಿಯವರಿಗೆ ಕಳುಹಿಸಬೇಕು, ಅಲ್ಲಿಯೂ ಆಗದಿದ್ದರೆ ನ್ಯಾಯಾಲಯದ ಮ್ಯಾಜಿಸ್ಟ್ರೇಟರ ಬಳಿ ಹೋಗಬೇಕು. ತಡೆಯಾಜ್ಞೆ ಸಿಕ್ಕಿದರೂ ಪೊಲೀಸ್ ರಕ್ಷಣೆಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನಡಿ ಬೇರೆಯೇ ಮಧ್ಯಂತರ ಅರ್ಜಿ ಹಾಕಿಸಿ. ಇದನ್ನು ನಮ್ಮ ವಕೀಲರು ಮೊದಲೇ ಹೇಳಬಹುದಿತ್ತು, ಹೇಳಲಿಲ್ಲ. ಕೋರ್ಟಿನ ಆದೇಶ ಮೀರಿದವರ ಮೇಲೆ ಅದೇ ಸಂಹಿತೆಯ 39ನೇ ಆದೇಶದ 2ಎ ನಿಯಮದಂತೆ ಅರ್ಜಿ ಹಾಕಬಹುದು, ಮೂರು ತಿಂಗಳವರೆಗೆ ಸಿವಿಲ್ ಸೆರೆಮನೆಗೂ ಅವಕಾಶವಿದೆ. ಶೀಟಿನ ಫೋಟೊಗಳ ಸಮೇತ ಎರಡೂ ಅರ್ಜಿಗಳನ್ನು ಈಗ ಹಾಕಿಸಿದ್ದೇನೆ.

ಠಾಣೆಯಲ್ಲಿ ಏನೇ ಕೊಟ್ಟರೂ ಮೊಹರು ಹಾಕಿದ ಸ್ವೀಕೃತಿ ಪಡೆಯಿರಿ, ಆಗುವುದಿಲ್ಲ ಎಂದರೆ ಹಿಂಬರಹ, ಅಂದರೆ ಲಿಖಿತ ಉತ್ತರ, ಕೇಳಿ. ಸಹಿ ಹಾಕಿ ಪ್ರತಿ ಸಿಗದವರು ಮಾಹಿತಿ ಹಕ್ಕಿನಡಿ ಹತ್ತು ರೂಪಾಯಿ ಶುಲ್ಕ ಕಟ್ಟಿ ಇವತ್ತೇ ಅರ್ಜಿ ಹಾಕಿ. ನಿಮ್ಮ ಹಾಳೆಯಲ್ಲಿ ಏನಿದೆ ಎಂಬುದು ಎದುರಾಳಿಯ ವಕೀಲರಿಗಿಂತ ಮೊದಲು ನಿಮಗೆ ಗೊತ್ತಾಗಲಿ.