ನಗದೋ, ನಿಗಾ ಸೇವೆಯೋ, ನಷ್ಟ ಭರ್ತಿಯೋ?

ಅಮೆರಿಕದಲ್ಲಿ ಡೇಟಾ ಸೋರಿಕೆಯ ಸಾಮೂಹಿಕ ದಾವೆ ರಾಜಿಯಲ್ಲಿ ಮುಗಿದಾಗ ಮಾಹಿತಿ ಸೋರಿದವರ ಮುಂದೆ ಹೆಚ್ಚಾಗಿ ಈ ಮೂರು ದಾರಿ. ಶ್ರಮ ಬೇಡವೆಂದರೆ ನಗದು. ಅರ್ಜಿ ತುಂಬಿದರೆ ಬಹುಪಾಲು ಕೆಲಸ ಮುಗಿಯಿತು. ಆದರೆ ಜಾಹೀರಾದ ಮೊತ್ತವನ್ನು ನಂಬಿ ಕೂರಬೇಡಿ. ಜನರ ಸಾಲದ ದಾಖಲೆ ಇಡುವ ಕಂಪನಿ ಈಕ್ವಿಫ್ಯಾಕ್ಸ್‌ನ 2017ರ ಸೋರಿಕೆ ಸುಮಾರು 14.7 ಕೋಟಿ ಜನರನ್ನು ತಟ್ಟಿತ್ತು. 2019ರ ರಾಜಿ ತಲಾ 125 ಡಾಲರ್‌ವರೆಗೆ ನಗದು ಎಂದಿತು. ಅದಕ್ಕಿಟ್ಟ ನಿಧಿ ಮಾತ್ರ 3.1 ಕೋಟಿ ಡಾಲರ್. ಅರ್ಜಿದಾರರು ಮುಗಿಬಿದ್ದರು, ಪಾಲು ಕರಗಿತು.

ಕ್ರೆಡಿಟ್ ನಿಗಾ ಸೇವೆ, ಅಂದರೆ ನಿಮ್ಮ ಹೆಸರಲ್ಲಿ ಬೇರೆಯವರು ಸಾಲ ಎತ್ತುತ್ತಾರೆಯೇ ಎಂದು ಕಣ್ಣಿಡುವ ಸೇವೆ, ಹಾಗೆ ಕರಗುವುದಿಲ್ಲ. ಅಮೆರಿಕದಲ್ಲಿ ಗುರುತಿಗೆ ಬಳಸುವ ಸೋಷಿಯಲ್ ಸೆಕ್ಯುರಿಟಿ ಸಂಖ್ಯೆಯೇ ಸೋರಿದ್ದು, ಅಂಥ ಸೇವೆ ನಿಮಗಿನ್ನೂ ಇಲ್ಲದಿದ್ದರೆ ನನ್ನ ಒಲವು ಇದರತ್ತ. ಈಗಾಗಲೇ ಇದ್ದವರಿಗೆ ನಗದೇ ಸರಿ.

ನಿಜವಾಗಿ ಹಣ ಕಳೆದುಕೊಂಡವರು ನಷ್ಟ ಭರ್ತಿ ಕೇಳಲಿ. ರಸೀದಿ, ಬ್ಯಾಂಕ್ ದಾಖಲೆ ಜೋಡಿಸುವುದು ತಲೆನೋವೇ. ಈಕ್ವಿಫ್ಯಾಕ್ಸ್ ರಾಜಿಯಲ್ಲಿ ಇದರ ಮಿತಿ ತಲಾ 20,000 ಡಾಲರ್ ಇತ್ತು.