ಐದು ವರ್ಷ ಹೋಮ್ ಲೋನ್ ಕಟ್ಟಿದ್ಮೇಲೆ ಬರೀತಿರೋ ರಿವ್ಯೂ (ಹಾಸನ, 25 ಲಕ್ಷ, ಫ್ಲೋಟಿಂಗ್ ರೇಟ್ ಅಂದ್ರೆ ಏರಿಳಿಯೋ ಬಡ್ಡಿ)

ರೇಟಿಂಗ್: 5ಕ್ಕೆ 3. ಒಂದು ಸ್ಟಾರ್ ಯಾಕ್ ಕಟ್ ಮಾಡ್ದೆ ಅನ್ನೋದೇ ಈ ರಿವ್ಯೂ ಮುಕ್ಕಾಲು ಭಾಗ, ಇನ್ನೊಂದು ಸ್ಟಾರ್ ಕಸ್ಟಮರ್ ಕೇರ್‌ಗೆ ಹೋಯ್ತು, ಅದರ ಬಗ್ಗೆ ಜಾಸ್ತಿ ಬರೆಯಲ್ಲ, ಎಲ್ಲಾ ಬ್ಯಾಂಕಲ್ಲೂ ಅದೇ ಹಣೆಬರಹ.

ಬ್ಯಾಂಕ್ ಹೆಸರು ಹಾಕ್ತಿಲ್ಲ. ಹೋಮ್ ಲೋನ್ ರಿವ್ಯೂ ಅಂತ ಹುಡುಕಿದ್ರೆ ಎಲ್ಲಾರೂ ಲೋನ್ ಸಿಕ್ಕ ವಾರದಲ್ಲೇ ಬರೆದಿರ್ತಾರೆ, "ಸ್ಟಾಫ್ ತುಂಬಾ ಒಳ್ಳೆಯವ್ರು, ಹತ್ತೇ ದಿನಕ್ಕೆ ಸ್ಯಾಂಕ್ಷನ್ ಆಯ್ತು" ಅಂತ. ಅಲ್ಲ ಗುರು, ಲೋನ್ ಇರೋದು 20 ವರ್ಷ, ಹತ್ತು ದಿನದ ಅನುಭವ ಇಟ್ಕೊಂಡು ಏನ್ ಹೇಳೋದು? ಅದಕ್ಕೇ ಇಷ್ಟು ದಿನ ಸುಮ್ನಿದ್ದು ಈಗ ಬರೀತಿದೀನಿ.

ನಂದು ಸಾಲಗಾಮೆ ರಸ್ತೆ ಕಡೆ 30x40 ಸೈಟು, ಮನೆ ಕಟ್ಟೋಕೆ ಅಂತ ತಗೊಂಡ ಲೋನು. ಆರ್‌ಬಿಐ ಬ್ಯಾಂಕುಗಳಿಗೆ ಸಾಲ ಕೊಡೋ ಬಡ್ಡಿ, ಅಂದ್ರೆ ರೆಪೋ ರೇಟ್, ಆಗ 4.00 ಇತ್ತು (2020 ಮೇಯಿಂದ 2022 ಮೇವರೆಗೂ ಅಷ್ಟೇ ಇತ್ತು), ಅದರ ಮೇಲೆ ಬ್ಯಾಂಕ್ ತನಗೆ ಅಂತ ಸೇರಿಸೋ ಸ್ಪ್ರೆಡ್ 3.00, ಒಟ್ಟು 7 ಪರ್ಸೆಂಟ್. ಇಎಂಐ 19,382. ಫುಲ್ ಇಎಂಐ ಶುರು ಆಗಿದ್ದು 2021 ಮಾರ್ಚಲ್ಲಿ. 240 ಕಂತು ಗುಣಿಸಿದ್ರೆ 46 ಲಕ್ಷದ 51 ಸಾವಿರ ಚಿಲ್ರೆ, ಅಂದ್ರೆ ಬಡ್ಡಿನೇ ಇಪ್ಪತ್ತೊಂದೂವರೆ ಲಕ್ಷ. ಇದು ಮೊದ್ಲೇ ಗೊತ್ತಿತ್ತು, ಲೆಕ್ಕ ಹಾಕೇ ಸೈನ್ ಮಾಡಿದ್ದು. ಮೊದಲನೇ ಕಂತಲ್ಲಿ ಬಡ್ಡಿ 14,583, ಅಸಲು 4,799. ಇದೂ ಎಲ್ಲಾ ಲೋನಲ್ಲೂ ಹಿಂಗೇ, ಶುರುನಲ್ಲಿ ಬಡ್ಡಿನೇ ತಿನ್ನುತ್ತೆ, ಇದಕ್ಕೆ ಬ್ಯಾಂಕ್ ಮೇಲೆ ಕೋಪ ಮಾಡ್ಕೊಂಡು ಪ್ರಯೋಜನ ಇಲ್ಲ.

ಅದಕ್ಕೂ ಮುಂಚೆ ಪ್ರೀ-ಇಎಂಐ ಅಂತ ಒಂದಿದೆ, ಅದನ್ನ ಮಾಮೂಲಿ ಇಎಂಐ ಕ್ಯಾಲ್ಕುಲೇಟರ್ ತೋರ್ಸಲ್ಲ. ಮನೆ ಕಟ್ಟೋ ಲೋನಲ್ಲಿ ದುಡ್ಡು ಒಟ್ಟಿಗೆ ಕೊಡಲ್ಲ, ಪಾಯಕ್ಕೆ ಇಷ್ಟು, ಲಿಂಟಲ್‌ಗೆ ಇಷ್ಟು, ಮೋಲ್ಡ್ ಆದ್ಮೇಲೆ ಇಷ್ಟು ಅಂತ ಹಂತಹಂತವಾಗಿ ಬಿಡ್ತಾರೆ, ಪ್ರತಿ ಸಲ ಇಂಜಿನಿಯರ್ ಬಂದು ಫೋಟೋ ತೆಕ್ಕೊಂಡು ಹೋಗ್ಬೇಕು. ಕೆಲಸ ಮುಗಿಯೋವರೆಗೂ ಎಷ್ಟು ರಿಲೀಸ್ ಆಗಿದೆಯೋ ಅಷ್ಟಕ್ಕೆ ಬಡ್ಡಿ ಮಾತ್ರ ಕಟ್ತಿರ್ಬೇಕು, ಅಸಲಿಗೆ ಒಂದು ರೂಪಾಯಿನೂ ಹೋಗಲ್ಲ. ಹಾಸನದ ಮಳೆ ಗೊತ್ತಲ್ಲ, ಕೆಲಸ ನಿಂತ್ರೆ ಮೇಸ್ತ್ರಿ ಊರಿಗೆ ಹೋದ, ಬಡ್ಡಿ ಮಾತ್ರ ನಿಲ್ಲಲ್ಲ. ನಂಗೆ ಇದೇ 55 ಸಾವಿರ ಹತ್ರ ಹೋಯ್ತು. ಜೊತೆಗೆ ಪ್ರೋಸೆಸಿಂಗ್ ಫೀ, ಲಾಯರ್ ಒಪಿನಿಯನ್, ವ್ಯಾಲ್ಯುಯೇಷನ್, ಪತ್ರ ಅಡ ಇಟ್ಟಿದ್ದಕ್ಕೆ ಸಬ್ ರಿಜಿಸ್ಟ್ರಾರ್ ಆಫೀಸಲ್ಲಿ ಸ್ಟ್ಯಾಂಪ್ ಡ್ಯೂಟಿ. ಇವೆಲ್ಲ ಕೈಯಿಂದ್ಲೇ.

ಇನ್ಶೂರೆನ್ಸ್ ಕಥೆ ಬೇರೆ. ಸೈನ್ ಮಾಡೋ ದಿನ "ಇದು ಕಂಪಲ್ಸರಿ ಸರ್" ಅಂತ ಒಂದು ಫಾರ್ಮ್ ಮುಂದಿಟ್ರು, ಸಿಂಗಲ್ ಪ್ರೀಮಿಯಂ 60 ಸಾವಿರ, ನೀವು ಕಟ್ಟೋದ್ ಬೇಡ ಲೋನಿಗೇ ಸೇರಿಸ್ತೀವಿ ಅಂದ್ರು. ಲೋನಿಗೆ ಸೇರಿಸಿದ್ರೆ ಆ 60 ಸಾವಿರಕ್ಕೂ 20 ವರ್ಷ ಬಡ್ಡಿ, ತಿಂಗಳಿಗೆ 465 ರೂಪಾಯಿ ಅಂತ ಅನ್ಸುತ್ತೆ, ಕೊನೆಗೆ 1 ಲಕ್ಷ 11 ಸಾವಿರ ಆಗುತ್ತೆ. ಬ್ಯಾಂಕ್ ಕೊಡೋ ಪಾಲಿಸಿನೇ ತಗೋಬೇಕು ಅನ್ನೋ ರೂಲ್ ಇಲ್ಲ. ಸಾಲ ಇರೋ ಮನುಷ್ಯನಿಗೆ ಇನ್ಶೂರೆನ್ಸ್ ಬೇಕೇ ಬೇಕು, ಅದು ಒಪ್ತೀನಿ, ನಾನು ಹೊರಗಡೆ ಟರ್ಮ್ ಪಾಲಿಸಿ ಮಾಡಿಸ್ದೆ, ಕಂಪಲ್ಸರಿ ಅಂತ ಬರೆದು ಕೊಡಿ ಅಂದಿದ್ದಕ್ಕೆ ಆ ಫಾರ್ಮ್ ತಾನಾಗೇ ಡ್ರಾಯರ್ ಒಳಗೆ ಹೋಯ್ತು.

ಈಗ ಮುಖ್ಯ ವಿಷಯ. 2022 ಮೇ ತಿಂಗಳಲ್ಲಿ ಆರ್‌ಬಿಐ ರೆಪೋ ಏರಿಸೋಕೆ ಶುರು ಮಾಡ್ತು. 4.40, 4.90, 5.40, 5.90, 6.25, 2023 ಫೆಬ್ರವರಿಗೆ 6.50. ಒಂಬತ್ತು ತಿಂಗಳಲ್ಲಿ ಎರಡೂವರೆ ಪರ್ಸೆಂಟ್. 2019 ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಹೋಮ್ ಲೋನೆಲ್ಲ ಹೊರಗಿನ ಬೆಂಚ್‌ಮಾರ್ಕಿಗೆ ಲಿಂಕ್ ಆಗಿರ್ಬೇಕು, ಹೆಚ್ಚಿನ ಬ್ಯಾಂಕಲ್ಲಿ ಅದು ರೆಪೋನೇ, ಮೂರು ತಿಂಗಳಿಗೆ ಒಂದ್ಸಲನಾದ್ರೂ ಅದಕ್ಕೆ ತಕ್ಕ ಹಂಗೆ ನಮ್ಮ ಬಡ್ಡಿ ರೀಸೆಟ್ ಆಗ್ಬೇಕು. ಸೋ ರೇಟ್ ಏರಿದ್ದಕ್ಕೆ ತಕರಾರಿಲ್ಲ. ನನ್ನ ತಕರಾರು ಏನಂದ್ರೆ ಇಎಂಐ 19,382 ಅಷ್ಟೇ ಇತ್ತು! ಪ್ರತಿ ತಿಂಗಳು ಅದೇ ಎಸ್ಸೆಮ್ಮೆಸ್, ಅದೇ ಅಮೌಂಟ್ ಕಟ್. ರೇಟ್ ಬದಲಾಗಿದೆ ಅಂತ ಒಂದು ಮೆಸೇಜ್ ಬರೋದು, ಮಿಕ್ಕಿದ್ದು ಏನೂ ಇಲ್ಲ. 2022 ಅಕ್ಟೋಬರಲ್ಲಿ ಬೇರೆ ಏನೋ ಕೆಲಸಕ್ಕೆ ಸ್ಟೇಟ್‌ಮೆಂಟ್ ಡೌನ್‌ಲೋಡ್ ಮಾಡ್ದಾಗ ಕೆಳಗಡೆ ಸಣ್ಣಕ್ಷರದಲ್ಲಿ "ಉಳಿದ ಕಂತುಗಳು: 345".

345! ನಾನು ಅಷ್ಟೊತ್ತಿಗೆ 19 ಕಂತು ಕಟ್ಟಿದ್ದೆ, ಉಳಿದಿರ್ಬೇಕಾಗಿದ್ದು 221. ಹತ್ತು ವರ್ಷದ ಮೇಲೆ ಜಾಸ್ತಿ ಮಾಡಿಟ್ಟಿದ್ದಾರೆ, ನನ್ನನ್ನ ಕೇಳೇ ಇಲ್ಲ. ಆ ಲೆಕ್ಕದಲ್ಲಿ 25 ಲಕ್ಷ ಸಾಲಕ್ಕೆ ಒಟ್ಟು ಕಟ್ಟೋದು 70 ಲಕ್ಷ ದಾಟುತ್ತೆ, ನಾನು ರಿಟೈರ್ ಆಗಿ ಆರು ವರ್ಷ ಆದ್ರೂ ಪೆನ್ಷನ್ ದುಡ್ಡಲ್ಲಿ ಇಎಂಐ ಕಟ್ತಿರ್ಬೇಕು.

ಎನ್.ಆರ್. ಸರ್ಕಲ್ ಹತ್ರ ಇರೋ ಬ್ರಾಂಚಿಗೆ ಹೋಗಿ ಸ್ಟೇಟ್‌ಮೆಂಟ್ ತೋರ್ಸಿದೆ. ಲೋನ್ ಸೆಕ್ಷನ್ ಮೇಡಂ ನೋಡಿ, ನಕ್ಕು, "ನಿಮ್ ಇಎಂಐ ಏನೂ ಜಾಸ್ತಿ ಆಗಿಲ್ವಲ್ಲ ಸರ್, ಯಾಕೆ ಟೆನ್ಷನ್?" ಅಂದ್ರು. ನಾನು ಕಂತಿನ ನಂಬರ್ ಮೇಲೆ ಬೆರಳಿಟ್ಟೆ. "ಅದು ಸಿಸ್ಟಮ್ ಆಟೋಮೆಟಿಕ್ ಆಗಿ ತಗೊಳ್ಳುತ್ತೆ, ರೇಟ್ ಇಳಿದಾಗ ಅದೇ ಕಮ್ಮಿ ಆಗುತ್ತೆ" ಅಂದ್ರು. ಇಎಂಐ ಜಾಸ್ತಿ ಮಾಡಿ ಟೆನ್ಯೂರ್ (ಲೋನ್ ಅವಧಿ) ಹಳೇದೇ ಇಡಿ ಅಂದೆ. ಅದಕ್ಕೆ ರೀಜನಲ್ ಆಫೀಸಿಂದ ಪರ್ಮಿಷನ್ ಬೇಕಂತೆ, ಅರ್ಜಿ ಕೊಟ್ಟು ಬಂದೆ, ಅದು ಎಲ್ಲಿ ಹೋಯ್ತೋ ದೇವರಿಗೇ ಗೊತ್ತು.

ಜನವರಿ 2023ರ ಕಂತು ನೋಡಿ, ಈ ಒಂದು ಸಾಲು ಸಾಕು. ಕಟ್ಟಿದ್ದು 19,382. ಬಡ್ಡಿಗೆ 18,537. ಅಸಲಿಗೆ 845. ಎಂಟುನೂರ ನಲವತ್ತೈದು ರೂಪಾಯಿ ಸ್ವಾಮಿ, ಮನೆಮಂದಿಯೆಲ್ಲ ಹೋಟೆಲಲ್ಲಿ ದೋಸೆ ತಿಂದ್ರೆ ಅಷ್ಟಾಗುತ್ತೆ. ಏಪ್ರಿಲ್ ರೀಸೆಟ್‌ಗೆ ರೇಟ್ 9.50 ಆದಾಗ ಹಳೇ ಇಎಂಐನಲ್ಲಿ ಅಸಲಿಗೆ ಉಳಿಯೋದು 364 ರೂಪಾಯಿ, ಆಗ ಮಾತ್ರ ಬ್ಯಾಂಕೇ ಫೋನ್ ಮಾಡ್ತು, ಇನ್ಮೇಲೆ ಟೆನ್ಯೂರ್ ಎಳೆಯೋಕಾಗಲ್ಲ ಇಎಂಐ ಏರಿಸ್ಬೇಕು ಅಂತ. ಮೊದಲನೇ ಪ್ಲಾನ್ ಪ್ರಕಾರ 2041 ಫೆಬ್ರವರಿಗೇ ಮುಗಿಯೋ ಹಂಗೆ ಮಾಡಿ ಅಂದೆ, 23,293 ಆಯ್ತು. ತಿಂಗಳಿಗೆ ಸುಮಾರು 3,900 ಜಾಸ್ತಿ. ಮನೇಲಿ ಸ್ವಲ್ಪ ಮಾತುಕತೆ ಆಯ್ತು, ಬೈಕ್ ಬದಲಾಯಿಸೋ ಪ್ಲಾನ್ ಅಲ್ಲಿಗೇ ನಿಂತ್ತು, ಇವತ್ತಿಗೂ ಅದೇ ಹಳೇ ಬೈಕು.

ಆಮೇಲೆ ಆರ್‌ಬಿಐನೇ 2023 ಆಗಸ್ಟ್ 18ಕ್ಕೆ ಸರ್ಕ್ಯುಲರ್ ಹೊರಡಿಸ್ತು, ಅಂದ್ರೆ ಇದು ನನ್ನೊಬ್ಬನ ಗೋಳಲ್ಲ. ರೇಟ್ ರೀಸೆಟ್ ಆದಾಗ ಇಎಂಐ ಏರ್ಸೋದಾ, ಟೆನ್ಯೂರ್ ಉದ್ದ ಮಾಡೋದಾ, ಎರಡೂನಾ ಅಂತ ಸಾಲಗಾರನಿಗೆ ಆಯ್ಕೆ ಕೊಡ್ಬೇಕು, ಮೂರು ತಿಂಗಳಿಗೊಂದ್ಸಲ ಸ್ಟೇಟ್‌ಮೆಂಟ್ ಕೊಡ್ಬೇಕು, ಅದರಲ್ಲಿ ಇಲ್ಲೀವರೆಗೆ ಕಟ್ಟಿದ ಅಸಲೆಷ್ಟು, ಬಡ್ಡಿ ಎಷ್ಟು, ಉಳಿದ ಕಂತೆಷ್ಟು ಅಂತ ಇರ್ಬೇಕು. ಹಳೇ ಲೋನುಗಳಿಗೂ 2023 ಡಿಸೆಂಬರ್ 31ರೊಳಗೆ ಜಾರಿ ಮಾಡ್ಬೇಕಿತ್ತು. ನಂಗೆ ಸ್ಟೇಟ್‌ಮೆಂಟ್ ಈಗ ಕರೆಕ್ಟಾಗಿ ಬರ್ತಿದೆ. ನೀವು ಇಎಂಐ ಅಮೌಂಟ್ ಬಿಟ್ಟು ಆ ಉಳಿದ ಕಂತಿನ ನಂಬರ್ ನೋಡಿ, ಲೋನಿನ ನಿಜವಾದ ರೇಟು ಅಲ್ಲಿರುತ್ತೆ.

ಈ ಲೋನಲ್ಲಿ ಚೆನ್ನಾಗಿರೋದು ಅಂದ್ರೆ ಪಾರ್ಟ್ ಪೇಮೆಂಟು. ಇಂಡಿವಿಜುವಲ್ ಆಗಿ ತಗೊಂಡ ಫ್ಲೋಟಿಂಗ್ ಹೋಮ್ ಲೋನ್ ಮುಂಚಿತವಾಗಿ ಕಟ್ಟಿದ್ರೆ ಬ್ಯಾಂಕುಗಳು ಪೆನಾಲ್ಟಿ ಹಾಕೋ ಹಂಗಿಲ್ಲ ಅಂತ 2012ರಲ್ಲೇ ಆರ್‌ಬಿಐ ಹೇಳಿದೆ. 2023ರಲ್ಲಿ ಶುಂಠಿಗೆ ಕಂಡುಕೇಳರಿಯದ ರೇಟ್ ಬಂತಲ್ಲ, ನಮ್ಮ ಅಪ್ಪ ಅರಕಲಗೂಡು ಕಡೆ ಒಂದಷ್ಟು ಹಾಕಿದ್ರು, ಹಳೇ ಶುಂಠಿ ಕೀಳದೆ ಭೂಮೀಲೇ ಬಿಟ್ಟಿದ್ರು, ಅದೃಷ್ಟ. ಜುಲೈನಲ್ಲಿ 3 ಲಕ್ಷ ಕೊಟ್ರು. ಅಪ್ಪಂಗೆ ಇನ್ನೊಂದು ಎಕರೆ ಗುತ್ತಿಗೆ ಹಿಡಿದು ಮತ್ತೆ ಶುಂಠಿ ಹಾಕೋ ಆಸೆ ಇತ್ತು, ನಾನು ಸ್ಟೇಟ್‌ಮೆಂಟ್ ತೋರ್ಸಿ "ಅಪ್ಪಾ, ಇದಕ್ಕಿಂತ ಗ್ಯಾರಂಟಿ ಬೆಳೆ ಇಲ್ಲ" ಅಂದೆ. ಇಎಂಐ 23,293 ಹಂಗೇ ಇಟ್ಟು ಅಸಲಿಗೆ 3 ಲಕ್ಷ ಕಟ್ಟಿದ್ಕೆ 211 ಇದ್ದ ಕಂತು 157ಕ್ಕೆ ಬಂತು. 54 ಕಂತು ಅಂದ್ರೆ ಹನ್ನೆರಡೂವರೆ ಲಕ್ಷ, ಕಟ್ಟಿದ 3 ಕಳೆದ್ರೂ ಒಂಬತ್ತೂವರೆ ಲಕ್ಷ ಉಳಿತಾಯ (ರೇಟ್ 9.50ರಲ್ಲೇ ನಿಂತಿದ್ರೆ ಅನ್ನೋ ಲೆಕ್ಕ). ಅದೇ 3 ಲಕ್ಷನ ಲೋನಿನ ಕೊನೇ ವರ್ಷಗಳಲ್ಲಿ ಕಟ್ಟಿದ್ರೆ ಇದರ ಹತ್ರಕ್ಕೂ ಬರಲ್ಲ. ಕಟ್ಟೋವಾಗ "ಟೆನ್ಯೂರ್ ಕಮ್ಮಿ ಮಾಡಿ, ಇಎಂಐ ಅಲ್ಲ" ಅಂತ ಬರೆದು ಕೊಟ್ಟು ಸೀಲ್ ಹಾಕಿಸ್ಕೊಳ್ಳಿ, ನಮ್ಮ ಬ್ಯಾಂಕ್ ಆ್ಯಪಲ್ಲಿ ಎರಡೂ ಆಪ್ಷನ್ ಇರ್ಲಿಲ್ಲ, ಈಗ ಬಂದಿದೆ.

"ಲೋನ್ ಬೇಗ ತೀರ್ಸ್ಬೇಡಿ, ಟ್ಯಾಕ್ಸ್ ಉಳಿಯುತ್ತೆ" ಅಂತ ಆಡಿಟರ್‌ಗಳು ಹೇಳ್ತಿದ್ರಲ್ಲ, ಆ ಕಾಲ ಹೋಯ್ತು. ನಾವೇ ಇರೋ ಮನೆಗೆ ಆದಾಯದಿಂದ 2 ಲಕ್ಷದವರೆಗೆ ಬಡ್ಡಿ ಕಳೆಯೋದು ಹಳೇ ಟ್ಯಾಕ್ಸ್ ರೆಜಿಮ್‌ನಲ್ಲಿ ಮಾತ್ರ, ಹೊಸದ್ರಲ್ಲಿ ಅದೂ ಇಲ್ಲ, ಅಸಲು ಕಟ್ಟಿದ್ದಕ್ಕೆ ಸಿಗ್ತಿದ್ದ ಕಡಿತನೂ ಇಲ್ಲ. 2025-26ರಿಂದ ಹೊಸ ರೆಜಿಮ್‌ನಲ್ಲಿ 12 ಲಕ್ಷದವರೆಗೆ ಸಂಬಳಕ್ಕೆ ಟ್ಯಾಕ್ಸೇ ಬರಲ್ಲ. ನನ್ನ ಸಂಬಳ ಅದರೊಳಗೇ ಇದೆ, ಉಳಿಸೋಕೆ ಟ್ಯಾಕ್ಸ್ ಎಲ್ಲಿದೆ?

2025ರಲ್ಲಿ ರೆಪೋ ಇಳೀತು, ಫೆಬ್ರವರಿ 6.25, ಏಪ್ರಿಲ್ 6.00, ಜೂನ್ 5.50, ಡಿಸೆಂಬರ್ 5.25. ನನ್ನ ರೇಟೂ ರೀಸೆಟ್‌ಗೆ ಸರಿಯಾಗಿ ಇಳಿದು 8.25ಕ್ಕೆ ಬಂತು, ಇಲ್ಲಿ ಬ್ಯಾಂಕ್ ಮೋಸ ಮಾಡ್ಲಿಲ್ಲ, ಅದನ್ನೂ ಹೇಳ್ಬೇಕು. ಚಿಕ್ಕಮಗಳೂರಲ್ಲಿರೋ ನಮ್ಮ ಭಾವ ಹೌಸಿಂಗ್ ಫೈನಾನ್ಸ್ ಕಂಪನೀಲಿ ತಗೊಂಡಿದ್ದಾರೆ, ಆ ಕಂಪನಿಗಳಿಗೆ ರೆಪೋ ಲಿಂಕ್ ಕಡ್ಡಾಯ ಇಲ್ಲ, ಪಿಎಲ್‌ಆರ್ ಅಂತ ಅವರೇ ನಿಗದಿ ಮಾಡೋ ದರ ಇರುತ್ತೆ, ಏರುವಾಗ ಪಟಪಟ ಏರ್ತು ಇಳಿಯುವಾಗ ಆಮೆ. ಭಾವ ಫೋನ್ ಮಾಡಿದಾಗೆಲ್ಲ ಇದೇ ರಾಗ.

ಆದ್ರೆ ನಂದೂ ಒಂದು ಕಿರಿಕಿರಿ. ಹೊಸ ಕಸ್ಟಮರ್‌ಗೆ ಇದೇ ಬ್ಯಾಂಕ್ ನನಗಿಂತ ಕಮ್ಮಿ ಸ್ಪ್ರೆಡ್‌ನಲ್ಲಿ ಕೊಡ್ತಿದೆ ಅಂತ ಬಿ.ಎಂ. ರಸ್ತೆ ಬ್ಯಾನರ್ ನೋಡಿ ಗೊತ್ತಾಯ್ತು. ಐದು ವರ್ಷ ಒಂದು ಕಂತೂ ಬೌನ್ಸ್ ಮಾಡ್ದೆ ಕಟ್ಟಿದವನಿಗೆ 3.00, ನಿನ್ನೆ ಬಂದವನಿಗೆ ಅದಕ್ಕಿಂತ ಕಮ್ಮಿ. ಬೇರೆ ಬ್ಯಾಂಕಿಗೆ ಟ್ರಾನ್ಸ್‌ಫರ್ ಮಾಡ್ತೀನಿ ಅಂತ ಲೆಟರ್ ಕೊಟ್ಟ ಮೇಲೆ ಕನ್ವರ್ಷನ್ ಫೀ 5,000 ಪ್ಲಸ್ ಜಿಎಸ್‌ಟಿ, ಒಟ್ಟು 5,900 ತಗೊಂಡು 2.50 ಮಾಡಿದ್ರು. ಈಗ 7.75. ಈ ಅರ್ಧ ಪರ್ಸೆಂಟಿಗೆ ಮೂರೂವರೆ ಕಂತು ಕಮ್ಮಿ ಆಗುತ್ತೆ, 80 ಸಾವಿರ ಹತ್ರ. ನಿಜವಾಗ್ಲೂ ಟ್ರಾನ್ಸ್‌ಫರ್ ಮಾಡೋದಾದ್ರೆ ಹೊಸ ಬ್ಯಾಂಕಲ್ಲಿ ಮತ್ತೆ ಲೀಗಲ್, ವ್ಯಾಲ್ಯುಯೇಷನ್, ಸ್ಟ್ಯಾಂಪ್ ಡ್ಯೂಟಿ ಎಲ್ಲ ಮೊದಲಿಂದ, ಅದನ್ನೂ ಕೂಡಿಸಿ ನೋಡಿ, ಕೇಳಿದ ಕೂಡ್ಲೇ ಓಡಬೇಡಿ.

ಸದ್ಯದ ಪರಿಸ್ಥಿತಿ: ಬಾಕಿ ಹದಿನೆಂಟೂವರೆ ಲಕ್ಷ, ಕಂತು ಸುಮಾರು 112, ಹೀಗೇ ಹೋದ್ರೆ 2035ಕ್ಕೆ ಮುಗಿಯುತ್ತೆ. ಹೊಸದಾಗಿ ತಗೊಳ್ಳೋರಿಗೆ 2024 ಅಕ್ಟೋಬರ್ 1ರಿಂದ ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್ ಅಂತ ಒಂದು ಕೊಡ್ತಾರೆ, ಫೀ ಎಲ್ಲ ಸೇರಿಸಿ ವರ್ಷಕ್ಕೆ ಎಷ್ಟು ಪರ್ಸೆಂಟ್ ಬೀಳುತ್ತೆ ಅಂತ ಎಪಿಆರ್ ಅದರಲ್ಲಿರುತ್ತೆ, ಎರಡು ಬ್ಯಾಂಕ್ ಹೋಲಿಸೋಕೆ ಒಳ್ಳೇದು, ಆದ್ರೆ ನಾಳೆ ರೆಪೋ ಏರಿದ್ರೆ ಏನಾಗುತ್ತೆ ಅಂತ ಅದರಲ್ಲಿರೋದು ಕಾಲು ಪರ್ಸೆಂಟ್ ಬದಲಾವಣೆಯ ಲೆಕ್ಕ ಮಾತ್ರ. ಅದಕ್ಕೆ ನೀವೇ ಎರಡೂವರೆ ಪರ್ಸೆಂಟ್ ಜಾಸ್ತಿ ಹಾಕಿ ಇಎಂಐ ನೋಡ್ಕೊಳ್ಳಿ, ಆ ಅಮೌಂಟ್ ಕಟ್ಟೋಕೆ ಆಗುತ್ತೆ ಅಂದ್ರೆ ಮಾತ್ರ ಅಷ್ಟು ಲೋನಿಗೆ ಕೈ ಹಾಕಿ.

ಒಂದು ಕೇಳ್ತಿರ್ತಾರೆ, ಲೋನ್ ಮುಗಿದ್ಮೇಲೆ ಪತ್ರ ವಾಪಸ್ ಕೊಡೋಕೆ ಸತಾಯಿಸ್ತಾರಂತಲ್ಲ ಅಂತ. 2023 ಡಿಸೆಂಬರ್ 1ರಿಂದ ರೂಲ್ ಇದೆ, ಪೂರ್ತಿ ತೀರಿಸಿದ 30 ದಿನದೊಳಗೆ ಒರಿಜಿನಲ್ ಪತ್ರ ಕೊಡ್ಬೇಕು, ಬ್ಯಾಂಕ್ ಕಡೆಯಿಂದ ತಡ ಆದ್ರೆ ದಿನಕ್ಕೆ 5,000 ರೂಪಾಯಿ ಪರಿಹಾರ. ಲೋನ್ ತಗೊಳ್ಳೋವಾಗ ಯಾವ್ಯಾವ ಒರಿಜಿನಲ್ ಕೊಟ್ರಿ ಅನ್ನೋ ಲಿಸ್ಟಿಗೆ ಸೀಲ್, ಸೈನ್ ಹಾಕಿಸಿ ಇಟ್ಕೊಂಡಿರಿ. ಮುಗಿದ್ಮೇಲೆ ಬರೀ ಎನ್‌ಓಸಿ (ಸಾಲ ಬಾಕಿ ಇಲ್ಲ ಅನ್ನೋ ಬ್ಯಾಂಕ್ ಪತ್ರ) ತಗೊಂಡು ಬರ್ಬೇಡಿ, ಸಬ್ ರಿಜಿಸ್ಟ್ರಾರ್ ಆಫೀಸಲ್ಲಿ ಅಡಮಾನ ಬಿಡುಗಡೆ ಮಾಡಿಸಿ ಇಸಿ (ಆಸ್ತಿ ಮೇಲಿನ ಋಣಭಾರ ಪತ್ರ) ತೆಗ್ಸಿ ನೋಡಿ. ಇಲ್ಲಾಂದ್ರೆ ಬ್ಯಾಂಕಲ್ಲಿ ಸಾಲ ತೀರಿದ್ರೂ ಇಸಿಲಿ ಇನ್ನೂ ಹಂಗೇ ತೋರಿಸ್ತಿರುತ್ತೆ.